ಬಂದೂಕಿಗೆ ಸಿಗದ ರಾಯಣ್ಣ

ಕಣ್ಮರೆಯಾದ ಮನುಷ್ಯನನ್ನು ಪತ್ತೆಹಚ್ಚಲು ವಯಸ್ಸಾದ ಬಂದೂಕುಗಾರನೊಬ್ಬನನ್ನು ಹಣ ಕೊಟ್ಟು ಕಳುಹಿಸುವ ಕಥೆಗಳು ಅಮೆರಿಕೆಯ ಚಲನಚಿತ್ರಗಳಲ್ಲಿ ಹೇರಳ. ನಮ್ಮ ಮನೆಗಳ ತರುಣರು ಅವನ್ನು ಕಣ್ಣರಳಿಸಿ ನೋಡುತ್ತಾರೆ. ಆದರೆ ಅಂತಹ ಹುಡುಕಾಟವೊಂದು ಬೆಳಗಾವಿ, ಖಾನಾಪುರಗಳ ಈ ನಮ್ಮ ಸೀಮೆಯಲ್ಲಿಯೇ 1830ರಲ್ಲಿ ನಡೆಯಿತೆಂಬುದನ್ನು ಅವರಿಗೆ ಹೇಳುವ ಹಿರಿಯರು ವಿರಳರಾಗುತ್ತಿದ್ದಾರೆ. ಹುಡುಕಿಸಿದ್ದು ಈಸ್ಟ್ ಇಂಡಿಯಾ ಕಂಪನಿ. ಬೇಕಾಗಿದ್ದವನು ಸಂಗೊಳ್ಳಿ ರಾಯಣ್ಣ.

ಗುರಿಯಿಟ್ಟ ಗುಂಡಿನ ಬಲವನ್ನು ಕಿತ್ತೂರು ಚೆನ್ನಾಗಿ ಬಲ್ಲದು. 1824ರ ಅಕ್ಟೋಬರ್ 23ರಂದು ಕಲೆಕ್ಟರ್ ಥ್ಯಾಕರೆ ಕೋಟೆಯ ಮುಂದೆ ಉರುಳಿದ್ದು ಅಮಟೂರು ಬಾಳಪ್ಪನ ಗುಂಡಿಗೆ. ಡಿಸೆಂಬರಿನಲ್ಲಿ ಕೋಟೆ ಬಿದ್ದಿತು. ರಾಣಿ ಚೆನ್ನಮ್ಮ ಬೈಲಹೊಂಗಲದ ಸೆರೆಯಲ್ಲಿದ್ದು 1829ರಲ್ಲಿ ಅಲ್ಲಿಯೇ ಕೊನೆಯುಸಿರೆಳೆದಳು. ಕಾದಾಟದಲ್ಲಿ ಸೆರೆಸಿಕ್ಕ ರಾಯಣ್ಣನನ್ನು ಮಾತ್ರ ಕಂಪನಿ ಕೆಲಕಾಲದ ಮೇಲೆ ಬಿಟ್ಟುಬಿಟ್ಟಿತ್ತು.

ರಾಯಣ್ಣ ಹುಟ್ಟಿನಿಂದ ಕುರುಬ, ಸೇವೆಯಿಂದ ಶೇತಸನದಿ. ಈ ಪದವನ್ನು ಇಂದಿನವರು ಮರೆತಿದ್ದಾರೆ. ಆಯುಧ ಹಿಡಿದು ಊರು ಕಾಯುವವನಿಗೆ ಸಂಬಳದ ಬದಲು ಹೊಲ ಬಿಟ್ಟುಕೊಡುವ ಪದ್ಧತಿ ಅದು. ಹೊಲ ಹೋದರೆ ಅನ್ನದೊಡನೆ ಹುದ್ದೆಯ ಮಾನವೂ ಹೋಯಿತು. ಹೊಸ ಸರಕಾರ ಆತನ ಹೊಲವನ್ನು ಕಸಿದು, ಉಳಿದುದಕ್ಕೆ ಭಾರಿ ಕಂದಾಯ ಹೇರಿತು. ಚೆನ್ನಮ್ಮನ ದತ್ತಕಪುತ್ರ ಶಿವಲಿಂಗಪ್ಪನನ್ನು ಗಾದಿಗೆ ತರುವೆನೆಂದು ರಾಯಣ್ಣ ಎದ್ದುನಿಂತಾಗ, ಹೀಗೆಯೇ ಬರಿಗೈಯಾದವರು ಬೆನ್ನಿಗೆ ಬಂದರು. ಬೀಡಿ, ನಂದಗಡಗಳ ಕಚೇರಿಗಳು ಉರಿದವು, ಖಜಾನೆಗಳು ಬರಿದಾದವು. ಕಂದಾಯದ ಲೆಕ್ಕ ಬರೆದಿಟ್ಟಿದ್ದ ಕಚೇರಿಗಳ ಮೇಲೆಯೇ ಆತನ ಕಣ್ಣು ಬಿದ್ದುದು ಆಕಸ್ಮಿಕವೆಂದು ನಾನು ನಂಬಲಾರೆ.

ಬೆಳಗಾವಿಯ ಕೋಟೆ 1818ರಿಂದಲೇ ಕಂಪನಿಯ ಕೈಯಲ್ಲಿತ್ತು. ಸಿಪಾಯಿಗಳಿಗೂ ಮದ್ದುಗುಂಡಿಗೂ ಕೊರತೆಯಿರಲಿಲ್ಲ. ಖಾನಾಪುರದ ಅಡವಿಯಲ್ಲಿ ಅವು ಪ್ರಯೋಜನಕ್ಕೆ ಬರಲಿಲ್ಲ. ಇಂದು ಈ ಊರಿನಲ್ಲಿ ಹೊಡೆದವನು ನಾಳೆ ಮತ್ತೊಂದು ಊರಿನಲ್ಲಿ. ಗುಂಡು ಹಾರಿಸುವವನಿಗೆ ಮೊದಲು ಗುರಿ ಕಾಣಬೇಕಲ್ಲ! ಕಾಲುದಾರಿ ಬಲ್ಲವರು, ರೊಟ್ಟಿಯ ಬುತ್ತಿ ಯಾವ ಮನೆಯಿಂದ ಹೊರಡುತ್ತದೆಂದು ತಿಳಿದವರು ಬೇಕಾಗಿದ್ದರು. ಅಂತಹವರು ಸೀಮೆಯ ಗೌಡಕಿಯ ಮನೆಗಳಲ್ಲಿ ದೊರೆತರು. ಖೋದಾನಪುರ, ನೇಗಿನಹಾಳಗಳ ಗೌಡರ ಹೆಸರು ಜನರ ಬಾಯಲ್ಲಿ ಇಂದಿಗೂ ಉಳಿದಿದೆ. 1830ರ ಏಪ್ರಿಲ್‌ನಲ್ಲಿ ರಾಯಣ್ಣ ಮೋಸದಿಂದ ಸೆರೆಯಾದ. ಹಳ್ಳದಲ್ಲಿ ಸ್ನಾನಕ್ಕಿಳಿದು, ಖಡ್ಗ ಕೈಗೆಟುಕದಿದ್ದ ಗಳಿಗೆಯಲ್ಲಿ ನಂಬಿದವರೇ ಹಿಡಿದರೆಂದು ಜನರು ಹೇಳುತ್ತ ಬಂದಿದ್ದಾರೆ.

ದ್ರೋಹಿಗಳೆಂದು ಶಪಿಸುವುದು ಸುಲಭ, ಶಪಿಸಲೂಬೇಕು. ಆದರೆ ಹೊಲ ಕೊಡುವ, ಕಸಿಯುವ ಅಧಿಕಾರವೆಲ್ಲ ಒಂದೇ ಕೈಗೆ ಸೇರಿದಾಗ ಆ ಕೈ ಬಂದೂಕು ಎತ್ತಬೇಕಾಗಿಯೇ ಇಲ್ಲವೆಂಬುದನ್ನೂ ಓದುಗ ಬಂಧುಗಳು ಗಮನಿಸಬೇಕು. ಅಮೆರಿಕೆಯಲ್ಲಿಯೂ ಬೇರೇನೂ ನಡೆಯಲಿಲ್ಲ. ಬಿಲ್ಲಿ ದಿ ಕಿಡ್ ಎಂಬ ತರುಣನನ್ನು 1881ರ ಜುಲೈ 14ರ ರಾತ್ರಿ ಕತ್ತಲ ಕೋಣೆಯಲ್ಲಿ ಗುಂಡಿಕ್ಕಿ ಕೊಂದ ಪಾಟ್ ಗ್ಯಾರೆಟ್, ಆತನನ್ನು ಮೊದಲಿನಿಂದ ಬಲ್ಲವನು. ಅವನ ತಲೆಗೆ 500 ಡಾಲರ್ ಬಹುಮಾನವಿತ್ತು. ಚಲನಚಿತ್ರದ ಒಂಟಿ ಸವಾರನ ಹಿಂದಿರುವ ನಿಜ ಇಷ್ಟು.

1831ರ ಜನವರಿ 26ರಂದು ರಾಯಣ್ಣನನ್ನು ನಂದಗಡದ ಹೊರವಲಯದಲ್ಲಿ ಗಲ್ಲಿಗೇರಿಸಿದರು. ಆತನ ಒಡನಾಡಿ ಬಿಚ್ಚುಗತ್ತಿ ಚನ್ನಬಸಪ್ಪ ಸಮಾಧಿಯ ಬಳಿ ನೆಟ್ಟನೆಂದು ಹೇಳುವ ಆಲದ ಮರ ಇಂದು ವಿಶಾಲವಾಗಿ ಹಬ್ಬಿದೆ. ಬೆಂಗಳೂರಿನ ದೊಡ್ಡ ರೈಲು ನಿಲ್ದಾಣಕ್ಕೆ 2015ರಲ್ಲಿ ಆತನ ಹೆಸರಿಟ್ಟರು, ಸಂತೋಷ. ಆದರೆ ಮಕ್ಕಳನ್ನು ಕರೆದುಕೊಂಡು ಒಮ್ಮೆ ಸಂಗೊಳ್ಳಿಗೆ ಹೋಗಿಬನ್ನಿ. ಅಲ್ಲಿಯ ಗುಡಿಯಲ್ಲಿ ರಾಯಣ್ಣನ ಮೂರ್ತಿಯ ಎಡಬಲಕ್ಕೆ ಗರಡಿ ಸಾಧನೆಯ ಮರದ ಭಾರಗಳೆರಡಿವೆ. ಒಂದು ಆತನೇ ಎತ್ತುತ್ತಿದ್ದುದಂತೆ.