ಒಂಬತ್ತನೆಯ ವಿಭಕ್ತಿ

ಏಳನೆಯ ತರಗತಿಯ ಹುಡುಗಿಯೊಬ್ಬಳು ಒಮ್ಮೆ ವಿಭಕ್ತಿ ಪ್ರತ್ಯಯಗಳ ಪಟ್ಟಿ ಬರೆದು ತಂದಿದ್ದಳು. ಪ್ರಥಮಾ 'ಉ', ದ್ವಿತೀಯಾ 'ಅನ್ನು', ತೃತೀಯಾ 'ಇಂದ'... ಹೀಗೆ ಏಳೂ ಸರಿಯಾಗಿದ್ದವು. ಎಂಟನೆಯದಾಗಿ ಸಂಬೋಧನೆಯೂ ಇತ್ತು. ಅದರ ಕೆಳಗೆ ಅವಳದೇ ಇನ್ನೊಂದು ಸಾಲು: 'ಒಂಬತ್ತನೆಯದು ತಿರು. ಇದನ್ನು ಸೇರಿಸಿದರೆ ಕಳೆದದ್ದು ತಿರುಗಿ ಬರುತ್ತದೆ.' ಉದಾಹರಣೆಗಳನ್ನೂ ಕೊಟ್ಟಿದ್ದಳು. 'ಭಾನುವಾರತಿರು: ಭಾನುವಾರ ಮತ್ತೆ ಬಂತು. ಅಮ್ಮತಿರು: ಅಮ್ಮ ಆಸ್ಪತ್ರೆಗೆ ಹೋಗುವ ಮುಂಚೆ ಇದ್ದ ಹಾಗೆ ಆದಳು.'

ನಾನು ಕೆಂಪು ಶಾಯಿಯಲ್ಲಿ ಅಡ್ಡಗೆರೆ ಎಳೆದು, 'ತಲೆಹರಟೆ ಬೇಡ' ಎಂದು ಬರೆದು ಪುಸ್ತಕ ಹಿಂದಕ್ಕೆ ಕೊಟ್ಟೆ. ಎರಡನೆಯ ಉದಾಹರಣೆಯನ್ನು ಓದಿಯೂ ಹಾಗೆ ಬರೆದೆ. ರಾಶಿ ಪುಸ್ತಕ ತಿದ್ದುವ ಅವಸರವಿತ್ತು ಎಂದು ಸಬೂಬು ಹೇಳಬಹುದು, ಹೇಳುವುದಿಲ್ಲ. ಆ ಹುಡುಗಿ ಮತ್ತೆಂದೂ ನನ್ನ ತರಗತಿಯಲ್ಲಿ ತಾನಾಗಿ ಏನನ್ನೂ ಬರೆಯಲಿಲ್ಲ. ಪಟ್ಟಿಯನ್ನು ಮಾತ್ರ ಚಾಚೂ ತಪ್ಪದೆ ಒಪ್ಪಿಸಿದಳು.

ಈಗ ಆ ಪಟ್ಟಿಯನ್ನೇ ನೋಡೋಣ. ಪಂಚಮೀ ವಿಭಕ್ತಿಗೆ 'ದೆಸೆಯಿಂದ' ಎಂದು ನಾನೂ ಕಲಿತೆ, ನೀವೂ ಕಲಿತಿರಿ. 'ಮರದ ದೆಸೆಯಿಂದ ಹಣ್ಣು ಬಿತ್ತು' ಎಂದು ನಮ್ಮಲ್ಲಿ ಯಾರಾದರೂ ಅಂದದ್ದುಂಟೆ? ಮರದಿಂದ ಬಿತ್ತು ಅನ್ನುತ್ತೇವೆ. ಅದು ತೃತೀಯೆಯ ಪ್ರತ್ಯಯವೇ ಹೊರತು ಬೇರೆಯಲ್ಲ. 'ದೆಸೆ' ಎಂದರೆ ದಿಕ್ಕು, ಅದು ಸ್ವತಂತ್ರ ಪದ. ಹದಿಮೂರನೆಯ ಶತಮಾನದ ಕೇಶಿರಾಜ ಶಬ್ದಮಣಿದರ್ಪಣದಲ್ಲಿ ಪಂಚಮಿಗೆ ಹೇಳಿದ 'ಅತ್ತಣಿಂ' ಎಂಬುದರ ಕೊನೆಯಲ್ಲೂ ಕುಳಿತಿರುವುದು ತೃತೀಯೆಯ 'ಇಂ'. ಸಂಸ್ಕೃತಕ್ಕೆ ಏಳಿವೆ, ಆದ್ದರಿಂದ ಕನ್ನಡಕ್ಕೂ ಏಳು ಇರಬೇಕು ಎಂದು ಖಾಲಿ ಮಣೆಯ ಮೇಲೆ ಯಾರನ್ನೋ ಕರೆತಂದು ಕೂರಿಸಿದ್ದಾಯಿತು. ಈ ಅಭ್ಯಾಸವನ್ನು ಪ್ರಶ್ನಿಸಿ ಡಿ.ಎನ್. ಶಂಕರ ಭಟ್ಟರು 2000ರಲ್ಲಿ 'ಕನ್ನಡಕ್ಕೆ ಬೇಕು ಕನ್ನಡದ್ದೇ ವ್ಯಾಕರಣ' ಎಂಬ ಪುಸ್ತಕವನ್ನೇ ಬರೆದರು. ಪಂಡಿತರು ಕಲ್ಪಿಸಿಕೊಂಡ ವಿಭಕ್ತಿಗೆ ಅಂಕ, ಮಗು ಕಲ್ಪಿಸಿಕೊಂಡದ್ದಕ್ಕೆ ಅಡ್ಡಗೆರೆ. ಇದು ಯಾವ ನ್ಯಾಯ?

ಚತುರ್ಥಿಯ ಕಥೆಯೂ ಅಷ್ಟೆ. ಅದು ಸಂಪ್ರದಾನ, ಎಂದರೆ ಕೊಡುವಲ್ಲಿ ಬರುವಂಥದ್ದು ಎಂದು ಬಾಯಿಪಾಠ ಮಾಡಿಸುತ್ತೇವೆ. ಆದರೆ 'ಐದು ಗಂಟೆಗೆ ಏಳುತ್ತೇನೆ', 'ಹಬ್ಬಕ್ಕೆ ಬರುತ್ತೇನೆ' ಎಂದು ಕಾಲವನ್ನು ಹೇಳುವುದಕ್ಕೂ ನಮಗೆ ಅದೇ ಬೇಕು. 'ಐದು ಗಂಟೆಗೆ ಏನು ಕೊಡ್ತೀವಿ, ಮಿಸ್?' ಎಂದು ಮಗು ಕೇಳಿದರೆ ಪಠ್ಯಪುಸ್ತಕ ಬಾಯಿ ಬಿಡುವುದಿಲ್ಲ. ದಿನವೂ ಐದಕ್ಕೆ ಏಳುವ ಹೆಂಗಸರು ಬೇಕಾದರೆ ಉತ್ತರ ಹೇಳಿಯಾರು: 'ನಮ್ಮ ನಿದ್ದೆಯನ್ನು ಕೊಡ್ತೀವಿ' ಎಂದು!

ಕಾಲವೆಂಬುದು ಕ್ರಿಯಾಪದದ ಸ್ವತ್ತು, ನಾಮಪದಕ್ಕೆ ಅದರ ಗೊಡವೆ ಏಕೆ ಎಂದು ವಾದಿಸುವವರಿದ್ದಾರೆ. ದಕ್ಷಿಣ ಅಮೆರಿಕದ ಪರಾಗ್ವೆ ದೇಶದಲ್ಲಿ ಜನ ಆಡುವ ಗ್ವಾರಾನಿ ಭಾಷೆಯಲ್ಲಿ ನಾಮಪದಕ್ಕೇ ಕಾಲದ ಪ್ರತ್ಯಯ ಹತ್ತುತ್ತದೆ. ಮನೆ ಎಂಬ ಪದಕ್ಕೆ 'ಕುವೆ' ಸೇರಿದರೆ ಒಂದು ಕಾಲಕ್ಕೆ ಮನೆಯಾಗಿದ್ದದ್ದು, 'ರಾ' ಸೇರಿದರೆ ಮುಂದೆ ಮನೆಯಾಗಲಿರುವುದು. ಅದನ್ನು ವಿಭಕ್ತಿ ಎನ್ನುವುದಿಲ್ಲ, ಕಳೆದದ್ದನ್ನು ಅದು ತಿರುಗಿ ತರುವುದೂ ಇಲ್ಲ. ಆದರೂ ನಾನು ತಲೆಹರಟೆ ಎಂದು ಹೊಡೆದುಹಾಕಿದ ಯೋಚನೆಯ ಅರ್ಧ ಭಾಗವನ್ನು ಒಂದು ಜನಾಂಗ ದಿನನಿತ್ಯ ಆಡುತ್ತಿದೆ. ಹನ್ನೆರಡು ವರ್ಷದ ಹುಡುಗಿ ಯಾರೂ ಹೇಳಿಕೊಡದೆ ಅಲ್ಲಿಗೆ ತಲುಪಿದ್ದಳು.

'ಇದೆಲ್ಲ ಚೆಂದ, ಪರೀಕ್ಷೆಯಲ್ಲಿ ಕೇಳುವುದು ಪಟ್ಟಿಯನ್ನೇ ಅಲ್ಲವೇನ್ರೀ?' ಎಂದು ನನ್ನ ಜೊತೆಯವರು ಹೇಳುತ್ತಾರೆ. ಕೇಳಲಿ. ಪಟ್ಟಿಯನ್ನು ಸುಟ್ಟುಬಿಡಿ ಎಂದು ನಾನು ಹೇಳುತ್ತಿಲ್ಲ. ಆದರೆ ಪಟ್ಟಿಯೇ ಭಾಷೆ ಎಂದು ಮಕ್ಕಳನ್ನು ನಂಬಿಸುವುದು ಮೋಸ. ಸಂಜೆ ಒಲೆಯ ಮೇಲೆ ಸಾರು ಕುದಿಯುತ್ತಿರುವಾಗಲೇ ಮಕ್ಕಳ ಪಾಠ ಒಪ್ಪಿಸಿಕೊಳ್ಳುವವರು ನಾವೇ ತಾನೆ? ಪಟ್ಟಿ ಮುಗಿದ ಮೇಲೆ ಒಂದು ಮಾತು ಕೇಳಿ: 'ಇದರಲ್ಲಿ ಇಲ್ಲದ್ದು ಯಾವುದು ಬೇಕಿತ್ತು ನಿನಗೆ?' ಅದಕ್ಕೆ ಎರಡು ನಿಮಿಷ ಸಾಕು, ಅಂಕ ಕಡಿಮೆಯಾಗುವುದಿಲ್ಲ. ಮಗುವಿನ ಮನಸ್ಸಿನಲ್ಲಿ ಏನಿದೆ ಎಂಬುದು ಯಾವ ಪ್ರಶ್ನೆಪತ್ರಿಕೆಯಲ್ಲೂ ಸಿಗದು, ಅಲ್ಲಿ ಸಿಗುತ್ತದೆ.

ಆ ಪುಸ್ತಕ ಇನ್ನೊಮ್ಮೆ ನನ್ನ ಮೇಜಿಗೆ ಬರುವಂತಿದ್ದರೆ, ಪೆನ್ನು ಮುಚ್ಚಿಟ್ಟು, 'ಅಮ್ಮ ಹೇಗಿದ್ದಾರಮ್ಮ?' ಎಂದು ಮೊದಲು ಕೇಳುತ್ತಿದ್ದೆ. ಬರಲಾರದು. ಅದನ್ನು ತಿರುಗಿ ತರುವ ಪ್ರತ್ಯಯ ಅವಳ ಹತ್ತಿರವಿತ್ತು. ಅದನ್ನು ಹೊಡೆದುಹಾಕಿದವಳು ನಾನೇ.