ಐವತ್ತು ಲಕ್ಷಕ್ಕೆ ಒಂದು ಕೋಟಿ ನಾಲ್ಕು ಲಕ್ಷ: ಮನೆ ಸಾಲಗಾರರಲ್ಲಿ ಒಂದು ಕೋರಿಕೆ

ಮನೆ ಸಾಲ ಮಾಡಿರುವವರಲ್ಲಿ, ಮಾಡಬೇಕೆಂದು ಹೊರಟಿರುವವರಲ್ಲಿ, ಅವರ ಜೊತೆ ಸಹ ಅರ್ಜಿದಾರರಾಗಿ ಸಹಿ ಹಾಕುವ ಹೆಂಡತಿ, ಗಂಡ, ತಾಯಿ, ತಂದೆ ಎಲ್ಲರಲ್ಲೂ ನನ್ನದೊಂದು ಕೋರಿಕೆ ಇದೆ. ಬ್ಯಾಂಕಿನವರ ಎದುರು ಕೂತಾಗ ‘ತಿಂಗಳಿಗೆ ಎಷ್ಟು ಕಟ್ಟಬೇಕಾಗುತ್ತೆ ಸಾರ್?’ ಎಂದು ಕೇಳಿ ಸುಮ್ಮನಾಗಬೇಡಿ. ‘ಸಾಲ ತೀರುವ ಹೊತ್ತಿಗೆ ಒಟ್ಟು ಎಷ್ಟು ಕಟ್ಟಿರ್ತೀವಿ?’ ಅಂತಲೂ ಕೇಳಿ. ಉತ್ತರವನ್ನು ಕಾಗದದ ಮೇಲೆ ಬರೆಸಿಕೊಳ್ಳಿ.

ಒಂದು ಲೆಕ್ಕ ನೋಡೋಣ. 50 ಲಕ್ಷ ರೂಪಾಯಿ ಸಾಲ, ಬಡ್ಡಿ ಶೇ. 8.5, ಅವಧಿ 20 ವರ್ಷ. ತಿಂಗಳ ಕಂತು 43,391 ರೂಪಾಯಿ. ಗಂಡ ಹೆಂಡತಿ ಇಬ್ಬರೂ ದುಡಿಯುವ ಮನೆಗೆ ಇದು ಹೇಗೋ ಹೊಂದಿಸಬಹುದಾದ ಮೊತ್ತ. ಇದನ್ನೇ 240 ತಿಂಗಳಿಗೆ ಗುಣಿಸಿದರೆ ಒಂದು ಕೋಟಿ ನಾಲ್ಕು ಲಕ್ಷ ದಾಟುತ್ತದೆ. ಅಸಲು ಐವತ್ತು, ಬಡ್ಡಿ ಐವತ್ನಾಲ್ಕು. ಬ್ಯಾಂಕು ಇಲ್ಲಿ ಮೋಸವನ್ನೇನೂ ಮಾಡಿಲ್ಲ. ಶಾಲೆಯಲ್ಲಿ ಕಲಿತ ಗಣಿತವೇ ಇದು. ಆದರೆ ಗುಣಾಕಾರ ಮಾಡಿ ನೋಡುವ ಗೋಜಿಗೆ ಹೋಗುವವರು ಕಡಿಮೆ. ತರಕಾರಿ ಅಂಗಡಿಯಲ್ಲಿ ಐದು ರೂಪಾಯಿಗೆ ಚೌಕಾಸಿ ಮಾಡುವ ನಾವು ಐವತ್ನಾಲ್ಕು ಲಕ್ಷದ ಬಗ್ಗೆ ಬಾಯಿ ಬಿಡುವುದಿಲ್ಲ.

ಈ ಕಂತು ಒಳಗೆ ಹೇಗೆ ಹಂಚಿಹೋಗುತ್ತದೆ ಎಂಬುದು ಇನ್ನೂ ಮುಖ್ಯ. ಮೊದಲ ತಿಂಗಳು ನೀವು ಕಟ್ಟುವ 43,391ರಲ್ಲಿ 35,417 ರೂಪಾಯಿ ಬಡ್ಡಿಗೇ ಹೋಗುತ್ತದೆ. ಅಸಲಿಗೆ ಜಮೆಯಾಗುವುದು ಎಂಟು ಸಾವಿರಕ್ಕೂ ಕಡಿಮೆ. ಐದು ವರ್ಷ ಒಂದು ಕಂತೂ ತಪ್ಪಿಸದೆ 26 ಲಕ್ಷ ಕಟ್ಟಿದ ಮೇಲೂ ಇನ್ನೂ 44 ಲಕ್ಷ ಸಾಲ ಉಳಿದಿರುತ್ತದೆ. ಅಸಲಿನಲ್ಲಿ ಅರ್ಧ ತೀರಬೇಕಾದರೆ ಹೆಚ್ಚುಕಡಿಮೆ ಹದಿನಾಲ್ಕು ವರ್ಷ ಕಾಯಬೇಕು. ‘ಹತ್ತು ವರ್ಷ ಆಯ್ತು, ಅರ್ಧ ಮುಗೀತು’ ಎಂದು ನಿಟ್ಟುಸಿರು ಬಿಡುವವರು ಒಮ್ಮೆ ಸ್ಟೇಟ್‌ಮೆಂಟ್ ತೆಗೆಸಿ ನೋಡಿ.

ಸಾಲದ ಹೊರಗಿನ ಖರ್ಚೂ ಸಣ್ಣದಲ್ಲ. 30 ಲಕ್ಷದಿಂದ 75 ಲಕ್ಷದವರೆಗಿನ ಸಾಲಕ್ಕೆ ಮನೆಯ ಬೆಲೆಯ ಶೇ. 80ರವರೆಗೆ ಮಾತ್ರ ಬ್ಯಾಂಕು ಕೊಡಬಹುದು. ಮುದ್ರಾಂಕ ಮತ್ತು ನೋಂದಣಿ ಶುಲ್ಕವನ್ನು ಆ ಬೆಲೆಯಲ್ಲಿ ಸೇರಿಸಿಕೊಳ್ಳುವಂತಿಲ್ಲ. ಬೆಂಗಳೂರಿನಲ್ಲಿ 62.5 ಲಕ್ಷದ ಫ್ಲ್ಯಾಟ್ ಅಂದುಕೊಳ್ಳಿ. ಹನ್ನೆರಡೂವರೆ ಲಕ್ಷ ನಮ್ಮ ಕೈಯಿಂದ. ಶೇ. 5ರ ಮುದ್ರಾಂಕ ಶುಲ್ಕ, ಅದರ ಮೇಲಿನ ಸೆಸ್ಸು ಸರ್ಚಾರ್ಜು, 2025ರ ಆಗಸ್ಟ್ ಕೊನೆಯಿಂದ ಶೇ. 1ರಿಂದ 2ಕ್ಕೆ ಏರಿದ ನೋಂದಣಿ ಶುಲ್ಕ ಎಲ್ಲ ಸೇರಿ ಶೇ. 7.6, ಅಂದರೆ ನಾಲ್ಕೂಮುಕ್ಕಾಲು ಲಕ್ಷ. ಕಟ್ಟಡ ಇನ್ನೂ ಏಳುತ್ತಿದ್ದರೆ ಶೇ. 5 ಜಿಎಸ್‌ಟಿ ಬೇರೆ. ಸಾಲದ ಕಂತುಗಳೂ ಸೇರಿ ಎಲ್ಲ ಕೂಡಿದರೆ ಅರವತ್ತೆರಡೂವರೆ ಲಕ್ಷದ ಮನೆಗೆ ನೀವು ತೆರುವುದು ಒಂದೂಕಾಲು ಕೋಟಿಯ ಹತ್ತಿರ. ಇದರಲ್ಲಿ ಪೇಂಟು, ವಾರ್ಡ್‌ರೋಬು, ಗೃಹಪ್ರವೇಶದ ಊಟ ಯಾವುದೂ ಸೇರಿಲ್ಲ. ಕೈಯಿಂದ ಹಾಕಬೇಕಾದ ದುಡ್ಡು ಸಾಲದೆ ಪರ್ಸನಲ್ ಲೋನ್ ಮಾಡಿ ನೋಂದಣಿ ಮಾಡಿಸಿಕೊಂಡವರು ಎಷ್ಟೋ ಮಂದಿ. ಮನೆ ಕಟ್ಟಿ ನೋಡು ಎಂಬ ಗಾದೆ ಹುಟ್ಟಿದ ಕಾಲಕ್ಕೆ ಇಎಂಐ ಇನ್ನೂ ಹುಟ್ಟಿರಲಿಲ್ಲ.

‘ಕಂತು ಜಾಸ್ತಿ ಅನ್ನಿಸಿದ್ರೆ 30 ವರ್ಷಕ್ಕೆ ಮಾಡ್ಕೊಡ್ತೀವಿ ಮೇಡಂ’ ಎಂಬ ಮಾತು ಬಂದಾಗ ದಯವಿಟ್ಟು ಎಚ್ಚರ. ಅದೇ 50 ಲಕ್ಷ, ಅದೇ ಬಡ್ಡಿ, ಅವಧಿ ಮಾತ್ರ 30 ವರ್ಷ ಆದರೆ ಕಂತು 38,446. ತಿಂಗಳಿಗೆ ಐದು ಸಾವಿರದಷ್ಟು ಕೈಯಲ್ಲಿ ಉಳಿಯುತ್ತದೆ ನಿಜ. ಆದರೆ ಬಡ್ಡಿ 54 ಲಕ್ಷದಿಂದ 88 ಲಕ್ಷಕ್ಕೆ ಹೋಗುತ್ತದೆ. ಆ ಐದು ಸಾವಿರದ ಸಲುವಾಗಿ 34 ಲಕ್ಷ ಹೆಚ್ಚಿಗೆ. ಮೂವತ್ತೈದನೇ ವಯಸ್ಸಿನಲ್ಲಿ ಈ ಸಾಲಕ್ಕೆ ಸಹಿ ಹಾಕಿದವರು ಪೆನ್ಷನ್ ಬರುವ ಕಾಲದಲ್ಲೂ ಕಂತು ಕಟ್ಟುತ್ತಿರುತ್ತಾರೆ; ಪೆನ್ಷನ್ ಇದ್ದರೆ.

ಈಗ ಕಂತು ಏರದೆಯೂ ಸಾಲ ಬೆಳೆಯುವ ಕಥೆ. ಈ ಮನವಿ ಬರೆಯಲು ಮುಖ್ಯ ಕಾರಣವೇ ಅದು. 2020ರ ಮೇ ತಿಂಗಳಿಂದ ಎರಡು ವರ್ಷ ರಿಸರ್ವ್ ಬ್ಯಾಂಕು ಬೇರೆ ಬ್ಯಾಂಕುಗಳಿಗೆ ಸಾಲ ಕೊಡುವ ರೆಪೊ ದರ ಶೇ. 4ರಲ್ಲೇ ನಿಂತಿತ್ತು. ಮನೆ ಸಾಲ ಶೇ. 6.75ರ ಆಸುಪಾಸಿನಲ್ಲಿ ಸಿಗುತ್ತಿತ್ತು. ಕೋವಿಡ್ ಕಾಲದಲ್ಲಿ ಮನೆಯಲ್ಲೇ ಕೂತು ಕೆಲಸ ಮಾಡುತ್ತಿದ್ದ ಬಹಳ ಜನ ‘ಇಷ್ಟು ಅಗ್ಗದ ಸಾಲ ಮತ್ತೆ ಸಿಗಲ್ಲ’ ಎಂದು ಫ್ಲ್ಯಾಟ್ ಕೊಂಡರು. 2022ರ ಮೇ 4ರಂದು ದರ ಏರಲು ಶುರುವಾಯಿತು. 2023ರ ಫೆಬ್ರುವರಿ ಹೊತ್ತಿಗೆ ರೆಪೊ ಶೇ. 6.5. ಎರಡೂವರೆ ಶೇಕಡಾ ಏರಿಕೆ, ಅದೂ ಒಂದು ವರ್ಷದೊಳಗೆ.

ಫ್ಲೋಟಿಂಗ್ ದರದ ಸಾಲದಲ್ಲಿ ಈ ಏರಿಕೆ ನೇರ ನಮ್ಮ ತಲೆ ಮೇಲೆ ಬರುತ್ತದೆ. ಆದರೆ ಕಂತು ಏರಿಸಿದರೆ ಗಿರಾಕಿಗಳು ಗಲಾಟೆ ಮಾಡುತ್ತಾರೆ. ಹಾಗಾಗಿ ಕಂತನ್ನು ಮುಟ್ಟದೆ ಅವಧಿಯನ್ನು ಹಿಗ್ಗಿಸುವುದು ವಾಡಿಕೆ. ಶೇ. 6.75ಕ್ಕೆ 20 ವರ್ಷದ 50 ಲಕ್ಷ ಸಾಲ ಪಡೆದವರ ಕಂತು 38,018. ಒಂದು ವರ್ಷ ಕಟ್ಟಿದ ಮೇಲೆ ಬಾಕಿ 48.78 ಲಕ್ಷ. ಈಗ ದರವನ್ನು ಶೇ. 9.25ಕ್ಕೆ ಒಯ್ಯಿರಿ. ಆ ತಿಂಗಳ ಬಡ್ಡಿಯೇ 37,600 ರೂಪಾಯಿ ಹತ್ತಿರ. ಅಸಲಿಗೆ ಸಲ್ಲುವುದು ನಾನೂರು ಚಿಲ್ಲರೆ. ಕಂತು ಬದಲಿಸದೆ ಹೀಗೇ ಕಟ್ಟುತ್ತ ಹೋದರೆ ಸಾಲ ತೀರಲು ಇನ್ನೂ ನಲವತ್ತೊಂಬತ್ತು ವರ್ಷ ಬೇಕು. ಹತ್ತೊಂಬತ್ತು ಉಳಿದಿದ್ದದ್ದು ನಲವತ್ತೊಂಬತ್ತಾಯಿತು, ಖಾತೆಯಿಂದ ಪ್ರತಿ ತಿಂಗಳು ಕಡಿತವಾಗುವ ಮೊತ್ತದಲ್ಲಿ ಒಂದು ರೂಪಾಯಿ ವ್ಯತ್ಯಾಸವಿಲ್ಲ. ಅಷ್ಟು ಉದ್ದದ ಅವಧಿಯನ್ನು ಯಾವ ಬ್ಯಾಂಕೂ ಒಪ್ಪುವುದಿಲ್ಲ, ಎಲ್ಲೋ ಒಂದು ಕಡೆ ಕಂತು ಏರಿಸಲೇಬೇಕಾಗುತ್ತದೆ. ಆದರೆ ಅದಕ್ಕೆ ಮುಂಚೆ ಐದು, ಎಂಟು, ಹತ್ತು ವರ್ಷ ಸೇರಿಕೊಂಡದ್ದು ಗೊತ್ತೇ ಆಗದವರಿದ್ದಾರೆ. ಮೊಬೈಲಿಗೆ ಬಂದ ಸಂದೇಶವನ್ನು ಓಟಿಪಿಗಳ ನಡುವೆ ಯಾರು ಓದುತ್ತಾರೆ?

ಈ ಅನ್ಯಾಯ ರಿಸರ್ವ್ ಬ್ಯಾಂಕಿನ ಕಣ್ಣಿಗೂ ಬಿತ್ತು. 2023ರ ಆಗಸ್ಟ್ 18ರ ಸುತ್ತೋಲೆಯ ಪ್ರಕಾರ ಬಡ್ಡಿ ಬದಲಾದಾಗ ಕಂತು ಏರಿಸಬೇಕೋ, ಅವಧಿ ಹೆಚ್ಚಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂದು ಆರಿಸುವ ಹಕ್ಕು ಸಾಲಗಾರರದು. ನಿಶ್ಚಿತ ದರಕ್ಕೆ ಬದಲಾಗುವ ಆಯ್ಕೆಯನ್ನೂ ಆಗ ಕೊಡಲೇಬೇಕಿತ್ತು; 2025ರ ಅಕ್ಟೋಬರ್‌ನಿಂದ ಅದು ಬ್ಯಾಂಕಿನ ಇಚ್ಛೆಗೆ ಬಿಟ್ಟದ್ದು. ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಸಿಗಬೇಕು. ಈವರೆಗೆ ಕಟ್ಟಿದ ಅಸಲೆಷ್ಟು, ಬಡ್ಡಿಯೆಷ್ಟು, ಉಳಿದ ಕಂತುಗಳೆಷ್ಟು ಎಂಬುದು ಅದರಲ್ಲಿರಬೇಕು. ಸಾಲ ಇರುವವರು ಈ ವಾರವೇ ಆ ಸ್ಟೇಟ್‌ಮೆಂಟ್ ತೆಗೆದು ಕೊನೆಯ ಸಾಲು ಒಂದನ್ನೇ ಓದಿ: ಎಷ್ಟು ಕಂತು ಉಳಿದಿವೆ? ಸಾಲ ತಗೊಂಡ ದಿನ ಹೇಳಿದ್ದಕ್ಕೂ ಇದಕ್ಕೂ ತಾಳೆಯಾಗುತ್ತದೆಯೇ? ಆಗದಿದ್ದರೆ ಶಾಖೆಗೆ ಹೋಗಿ ಕಂತು ಏರಿಸಿ ಕೊಡಿ ಎಂದು ಬರವಣಿಗೆಯಲ್ಲಿ ಕೇಳಿ. 2025ರ ಫೆಬ್ರುವರಿಯಿಂದ ಜೂನ್‌ವರೆಗೆ ರೆಪೊ ಶೇ. 6.5ರಿಂದ 5.5ಕ್ಕೆ ಇಳಿಯಿತಲ್ಲ, ಹಾಗೆ ಇಳಿದಾಗಲೆಲ್ಲ ಕಂತು ಇಳಿಸಿಕೊಳ್ಳುವ ಆಸೆ ಬರುತ್ತದೆ. ಕೈಯಲ್ಲಿ ತ್ರಾಣ ಇದ್ದರೆ ಕಂತನ್ನು ಹಾಗೇ ಬಿಡಿ, ಅವಧಿ ಕುಗ್ಗಲಿ.

ನಿಮ್ಮ ಸಾಲಕ್ಕೆ ಆ ಇಳಿಕೆ ತಲುಪಿದೆಯೇ ಎಂಬುದನ್ನೂ ನೋಡಿಕೊಳ್ಳಬೇಕು. 2019ರ ಅಕ್ಟೋಬರ್ 1ರ ನಂತರ ಬ್ಯಾಂಕುಗಳು ಕೊಟ್ಟ ಫ್ಲೋಟಿಂಗ್ ಮನೆ ಸಾಲಗಳು ರೆಪೊದಂಥ ಹೊರಗಿನ ದರಕ್ಕೆ ಜೋಡಣೆಯಾಗಿವೆ. ಅದಕ್ಕೂ ಹಿಂದಿನ ಸಾಲ ನೀವು ಹೇಳದೆ ತಾನಾಗಿ ಹೊಸ ಪದ್ಧತಿಗೆ ಬರುವುದಿಲ್ಲ. ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೆ ಈ ಕಟ್ಟುಪಾಡೇ ಇಲ್ಲ; ಅವು ತಮ್ಮದೇ ದರ ಇಟ್ಟುಕೊಂಡಿವೆ, ಏರುವಾಗ ಇರುವ ಚುರುಕು ಇಳಿಯುವಾಗ ಕಾಣುವುದಿಲ್ಲ. ಬಿ ಖಾತಾ ಅಥವಾ ರೆವಿನ್ಯೂ ಸೈಟು, ದಾಖಲೆ ಸರಿಯಿಲ್ಲ ಎಂಬ ಕಾರಣಕ್ಕೆ ಬ್ಯಾಂಕುಗಳು ಕೈಚೆಲ್ಲಿದಾಗ ಬೆಂಗಳೂರಿನ ಅಂಚಿನ ಬಡಾವಣೆಗಳ ಜನ ಹೋಗುವುದು ಹೆಚ್ಚು ಬಡ್ಡಿಯ ಇಂಥ ಸಂಸ್ಥೆಗಳಿಗೇ. ಅಲ್ಲಿ ‘ಅಗ್ಗದ ಸೈಟು’ ಎಷ್ಟು ಅಗ್ಗ ಎಂಬುದನ್ನು ಬಡ್ಡಿ ಸೇರಿಸಿಯೇ ಲೆಕ್ಕ ಹಾಕಬೇಕು. ಅರ್ಧ ಶೇಕಡಾ ಬಡ್ಡಿ ತಾನೇ ಎನ್ನಬೇಡಿ. 50 ಲಕ್ಷಕ್ಕೆ, 20 ವರ್ಷಕ್ಕೆ ಅರ್ಧ ಶೇಕಡಾ ಎಂದರೆ ಮೂರೂಮುಕ್ಕಾಲು ಲಕ್ಷ.

ಹೊಸದಾಗಿ ಸಾಲ ಮಾಡುವವರ ಕೈಗೆ ಒಂದು ಒಳ್ಳೆಯ ಅಸ್ತ್ರ ಸಿಕ್ಕಿದೆ. 2024ರ ಅಕ್ಟೋಬರ್‌ನಿಂದ ಪ್ರತಿ ಹೊಸ ಮನೆ ಸಾಲಕ್ಕೂ ಮುಖ್ಯ ಸಂಗತಿಗಳ ಪತ್ರವೊಂದನ್ನು ಕೊಡಲೇಬೇಕು. ಬ್ಯಾಂಕಿನಲ್ಲಿ ಅದನ್ನು ಕೆಎಫ್ಎಸ್ ಎನ್ನುತ್ತಾರೆ. ಬಡ್ಡಿ, ಪ್ರೊಸೆಸಿಂಗ್ ಫೀ, ವಿಮೆ, ವಕೀಲರ ಶುಲ್ಕ ಎಲ್ಲ ಸೇರಿ ವರ್ಷಕ್ಕೆ ನಿಜವಾಗಿ ಎಷ್ಟು ಶೇಕಡಾ ಬೀಳುತ್ತದೆ ಎಂಬುದು ಅದರಲ್ಲಿರುತ್ತದೆ. ಅದರಲ್ಲಿ ನಮೂದಿಸದ ಶುಲ್ಕವನ್ನು ನಿಮ್ಮ ಸ್ಪಷ್ಟ ಒಪ್ಪಿಗೆಯಿಲ್ಲದೆ ಆಮೇಲೆ ಹಾಕುವಂತಿಲ್ಲ. ಓದಿ ಯೋಚಿಸಲು ಕನಿಷ್ಠ ಮೂರು ಕೆಲಸದ ದಿನ ಕೊಡಬೇಕು. ಎಲ್ಲಕ್ಕಿಂತ ಮಿಗಿಲಾಗಿ, ಅದು ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು ಎಂದು ನಿಯಮವೇ ಹೇಳುತ್ತದೆ.

ಹಾಗಾಗಿ ಕನ್ನಡದಲ್ಲಿ ಕೊಡಿ ಎಂದು ಕೇಳಿ. ಇಂಗ್ಲಿಷ್ ಚೆನ್ನಾಗಿ ಬಲ್ಲ ಸಾಫ್ಟ್‌ವೇರ್ ಮಗನೂ ಕೇಳಲಿ, ಏಕೆಂದರೆ ಜೊತೆಗೆ ಸಹಿ ಹಾಕುವ ಅಮ್ಮನಿಗೆ ಅದು ಅರ್ಥವಾಗಬೇಕು. ಸಹ ಅರ್ಜಿದಾರರ ಸಹಿ ಬರೀ ಶಾಸ್ತ್ರಕ್ಕಲ್ಲ. ಮಗ ಕಟ್ಟದಿದ್ದರೆ ಪೂರ್ತಿ ಸಾಲಕ್ಕೆ ಆಕೆಯೂ ಹೊಣೆ. ಕೌಂಟರಿನಲ್ಲಿ ಕನ್ನಡ ಮಾತಾಡಿ ಎಂದು ಹೋರಾಡುವ ನಾವು ಲಕ್ಷಗಟ್ಟಲೆ ರೂಪಾಯಿಯ ಕರಾರು ಕನ್ನಡದಲ್ಲಿರಲಿ ಎಂದು ಕೇಳುವುದನ್ನು ಮರೆತುಬಿಟ್ಟಿದ್ದೇವೆ.

ಆ ಪತ್ರದಲ್ಲಿ ವಿಮೆಯ ಸಾಲಿನ ಮೇಲೆ ಬೆರಳಿಟ್ಟು ನೋಡಿ. ಸಾಲ ಮಾಡಿದವರು ತೀರಿಕೊಂಡರೆ ಮನೆಯವರ ಮೇಲೆ ಹೊರೆ ಬೀಳದಿರಲಿ ಎಂದು ವಿಮೆ ಮಾಡಿಸುವುದು ಒಳ್ಳೆಯದೇ. ಆದರೆ ಸಾಲ ಕೊಡುವವರೇ ತೋರಿಸಿದ ಪಾಲಿಸಿಯನ್ನೇ ಕೊಳ್ಳಬೇಕೆಂದೇನೂ ಇಲ್ಲ. ಒಂದೂವರೆ ಲಕ್ಷದ ಒಂದೇ ಕಂತಿನ ಪ್ರೀಮಿಯಮ್ಮನ್ನು ಸಾಲಕ್ಕೇ ಸೇರಿಸಿದರೆ 20 ವರ್ಷದಲ್ಲಿ ಅದು ಮೂರು ಲಕ್ಷ ದಾಟುತ್ತದೆ. ಹೊರಗೆ ಸಾದಾ ಟರ್ಮ್ ಪಾಲಿಸಿಯ ಬೆಲೆ ವಿಚಾರಿಸಿ, ಹೋಲಿಸಿ, ಆಮೇಲೆ ತೀರ್ಮಾನಿಸಿ. ತೆರಿಗೆ ಉಳಿಯುತ್ತದೆ ಎಂಬ ಹಳೆಯ ಸಮಾಧಾನವೂ ಈಗ ಎಲ್ಲರಿಗಿಲ್ಲ. ಹೊಸ ತೆರಿಗೆ ಪದ್ಧತಿಯಲ್ಲಿ ನಾವೇ ವಾಸಿಸುವ ಮನೆಯ ಸಾಲದ ಬಡ್ಡಿಗೆ ವಿನಾಯಿತಿ ಇಲ್ಲ.

ಈ ಬರಹ ಓದಿ ಯಾರಾದರೂ ‘ಹಾಗಾದರೆ ಬಾಡಿಗೆ ಮನೆಯೇ ವಾಸಿ’ ಎಂದುಕೊಂಡರೆ ಅದು ನನ್ನ ಉದ್ದೇಶವಲ್ಲ. ಬಾಡಿಗೆಯೂ ವರ್ಷ ವರ್ಷ ಏರುತ್ತದೆ, ಬೆಂಗಳೂರಿನ ಹತ್ತು ತಿಂಗಳ ಅಡ್ವಾನ್ಸು ಕಂಡವರಿಗೆ ಹೇಳಬೇಕಿಲ್ಲ. ರೂಪಾಯಿಯ ಬೆಲೆ ಇಳಿಯುವುದರಿಂದ ಇಂದಿನ 43 ಸಾವಿರ ಹದಿನೈದು ವರ್ಷದ ನಂತರ ಇಷ್ಟು ಭಾರ ಅನ್ನಿಸುವುದಿಲ್ಲ. ಮಾಲೀಕ ಖಾಲಿ ಮಾಡಿ ಎನ್ನದ ನಾಲ್ಕು ಗೋಡೆಗೆ ಒಂದು ಬೆಲೆ ಇದೆ, ಅದನ್ನು ಕ್ಯಾಲ್ಕುಲೇಟರ್ ಹೇಳಲಾರದು. ಗೊತ್ತಿದ್ದು ಒಂದೂಕಾಲು ಕೋಟಿ ಕೊಟ್ಟರೆ ಅದು ನಿಮ್ಮ ಆಯ್ಕೆ. ಅರವತ್ತೆರಡೂವರೆ ಎಂದುಕೊಂಡು ಒಂದೂಕಾಲು ಕೋಟಿ ಕೊಡುವುದಕ್ಕೆ ಮಾತ್ರ ನನ್ನ ತಕರಾರು.

ಇಷ್ಟಕ್ಕೂ ಈ ಹೊರೆಯನ್ನು ಇಳಿಸುವ ದಾರಿ ನಮ್ಮ ಕೈಯಲ್ಲೇ ಇದೆ. ವ್ಯಕ್ತಿಗಳು ಪಡೆದ ಫ್ಲೋಟಿಂಗ್ ದರದ ಮನೆ ಸಾಲವನ್ನು ಮುಂಚಿತವಾಗಿ ಕಟ್ಟಿದರೆ ದಂಡ ಹಾಕುವಂತಿಲ್ಲ. ನಮ್ಮ 20 ವರ್ಷದ ಲೆಕ್ಕದಲ್ಲಿ ಆರಂಭದಲ್ಲೇ ಒಂದು ಲಕ್ಷ ಹೆಚ್ಚಿಗೆ ಅಸಲಿಗೆ ಕಟ್ಟಿದರೆ ಕೊನೆಯ ಹನ್ನೆರಡು ಕಂತು ಮಾಯ, ಬಡ್ಡಿಯಲ್ಲಿ ನಾಲ್ಕು ಲಕ್ಷಕ್ಕೂ ಹೆಚ್ಚು ಉಳಿತಾಯ. ಅದೇ ಒಂದು ಲಕ್ಷವನ್ನು ಹದಿನೈದನೇ ವರ್ಷ ಕಟ್ಟಿದರೆ ಉಳಿಯುವುದು ಐವತ್ತು ಸಾವಿರದ ಹತ್ತಿರ ಮಾತ್ರ. ಬೋನಸ್ಸು, ಅಡಿಕೆ ದುಡ್ಡು, ಚೀಟಿ ಎತ್ತಿದ ಹಣ ಮೊದಲ ವರ್ಷಗಳಲ್ಲೇ ಅಸಲಿಗೆ ಹೋಗಲಿ. ಪ್ರತಿ ವರ್ಷ ಒಂದೇ ಒಂದು ಕಂತು ಹೆಚ್ಚಿಗೆ ಕಟ್ಟುತ್ತ ಬಂದರೂ ಸಾಲ ಮೂರು ವರ್ಷಕ್ಕೂ ಹೆಚ್ಚು ಮುಂಚಿತವಾಗಿ ತೀರಿ, ಹತ್ತು ಲಕ್ಷದಷ್ಟು ಬಡ್ಡಿ ಉಳಿಯುತ್ತದೆ. ಆದರೆ ಮನೆಯ ಆರು ತಿಂಗಳ ಖರ್ಚನ್ನು ಬೇರೆ ತೆಗೆದಿಡದೆ ಇದ್ದಬದ್ದದ್ದನ್ನೆಲ್ಲ ಸಾಲಕ್ಕೆ ಸುರಿಯಬೇಡಿ. ಕೆಲಸ ಹೋದರೆ ಅಸಲಿಗೆ ಕಟ್ಟಿದ ದುಡ್ಡನ್ನು ಬ್ಯಾಂಕು ವಾಪಸ್ ಕೊಡುವುದಿಲ್ಲ. ಹೆಚ್ಚಿಗೆ ಕಟ್ಟುವಾಗ ‘ಅವಧಿ ಇಳಿಸಿ, ಕಂತು ಇಳಿಸಬೇಡಿ’ ಎಂದು ಅರ್ಜಿಯಲ್ಲಿ ಬರೆಯಲು ಮರೆಯದಿರಿ.

ಕೊನೆಯ ಕಂತು ಕಟ್ಟಿದವರಲ್ಲೂ ಒಂದು ಮಾತು. ಸಾಲ ಪೂರ್ತಿ ತೀರಿದ 30 ದಿನದೊಳಗೆ ಮೂಲ ಕ್ರಯಪತ್ರ ಸಮೇತ ಎಲ್ಲ ದಾಖಲೆ ಕೊಡಬೇಕು. ತಮ್ಮ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಸಾಲ ಕೊಟ್ಟವರೇ ಪರಿಹಾರ ತೆರಬೇಕು. 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿರುವ ನಿಯಮ ಇದು. ದಾಖಲೆ ಕೈಸೇರಿದ ಮೇಲೆ ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ಅಡಮಾನದ ನಮೂದು ವಜಾ ಮಾಡಿಸಿ, ಹೊಸದಾಗಿ ಒಂದು ಋಣಭಾರ ಪತ್ರ, ಅಂದರೆ ಇಸಿ ತೆಗೆಸಿ. ಅದರಲ್ಲಿ ಬ್ಯಾಂಕಿನ ಹೆಸರು ಇನ್ನೂ ಬಾಕಿ ಎಂದೇ ಕಾಣಿಸಿದರೆ ಮಾರುವ ದಿನ ಅಥವಾ ಮಕ್ಕಳು ಪಾಲು ಮಾಡಿಕೊಳ್ಳುವ ದಿನ ಮತ್ತೆ ಆ ಶಾಖೆಯ ಬಾಗಿಲಿಗೆ ಅಲೆಯಬೇಕಾಗುತ್ತದೆ. ಅಷ್ಟು ಹೊತ್ತಿಗೆ ಆ ಶಾಖೆ ಅಲ್ಲಿರುತ್ತದೆ ಎಂಬ ಖಾತ್ರಿಯಿಲ್ಲ. 2017ರಲ್ಲಿ ಸ್ಟೇಟ್ ಬ್ಯಾಂಕ್ ಆಫ್ ಮೈಸೂರು, 2019ರಲ್ಲಿ ವಿಜಯಾ ಬ್ಯಾಂಕ್, 2020ರಲ್ಲಿ ಸಿಂಡಿಕೇಟ್ ಮತ್ತು ಕಾರ್ಪೊರೇಷನ್ ಬ್ಯಾಂಕುಗಳು ಬೇರೆ ಬ್ಯಾಂಕುಗಳಲ್ಲಿ ವಿಲೀನವಾದವು. ಅವುಗಳಲ್ಲಿ ಸಾಲ ಮಾಡಿ ಎಂದೋ ತೀರಿಸಿದವರು ನಿಮ್ಮ ಮನೆಯಲ್ಲಿದ್ದರೆ ಇಸಿ ಮೊದಲು ಅವರದನ್ನೇ ತೆಗೆಸಿ.