ಬಡಾವಣೆಗೆ ಬಂದ ಹೆಸರು

ಪಾತಕಲೋಕದ ಕಥೆ ಹೇಳುವ ಚಲಚ್ಚಿತ್ರಗಳು ಕನ್ನಡದಲ್ಲಿ ಈಗ ಒಂದು ಪ್ರತ್ಯೇಕ ಪರಂಪರೆಯಾಗಿಯೇ ನಿಂತಿವೆ. ಉಪೇಂದ್ರರ ‘ಓಂ’ ತೆರೆಕಂಡ 1995ರಿಂದ ಎಣಿಸಿದರೂ ಅದಕ್ಕೆ ಮೂವತ್ತು ವರ್ಷ ತುಂಬಿದೆ. ಈ ಚಿತ್ರಗಳ ಹಿಂಸೆಯನ್ನು ಕುರಿತು, ಮಚ್ಚು ಹಿಡಿದ ನಾಯಕನನ್ನು ಕುರಿತು, ತರುಣರ ಮನಸ್ಸಿನ ಮೇಲೆ ಅವನು ಬೀರುವ ಪ್ರಭಾವವನ್ನು ಕುರಿತು ಬೇಕಾದಷ್ಟು ವಾದವಿವಾದ ನಡೆದಿದೆ, ಮುಂದೆಯೂ ನಡೆದೀತು. ಆ ವಾದಕ್ಕೆ ಇನ್ನೊಂದು ದನಿಯನ್ನು ಕೂಡಿಸುವ ಉದ್ದೇಶ ನನಗಿಲ್ಲ. ಅದರ ನೆರಳಿನಲ್ಲಿ ಯಾರ ಕಣ್ಣಿಗೂ ಬೀಳದೆ ಉಳಿದಿರುವ ಒಂದು ಪ್ರಶ್ನೆಯನ್ನು ಇಲ್ಲಿ ಎತ್ತಿಕೊಳ್ಳುತ್ತೇನೆ. ಈ ಕಥೆಗಳು ನಡೆಯುವ ಬೀದಿಗಳು ಯಾರವು? ಅವುಗಳ ಗೋಡೆ, ಗಲ್ಲಿ, ಹೆಸರುಗಳನ್ನು ಎರವಲು ಪಡೆದ ಚಿತ್ರ, ಕೆಲಸ ಮುಗಿದ ಮೇಲೆ ಅವುಗಳಿಗೆ ಹಿಂದಿರುಗಿಸುವುದೇನು?

ಬೆಂಗಳೂರಿನ ಪಶ್ಚಿಮಕ್ಕಿರುವ ಬಾಪೂಜಿ ನಗರವನ್ನೇ ಮುಂದಿಟ್ಟುಕೊಂಡು ಯೋಚಿಸೋಣ. ಮೈಸೂರು ರಸ್ತೆಯಲ್ಲಿ ಶಿರಸಿ ವೃತ್ತವನ್ನು ಹಿಂದೆ ಬಿಟ್ಟು, ಬ್ಯಾಟರಾಯನಪುರದ ಗಾಳಿ ಆಂಜನೇಯನ ಗುಡಿಯ ಆಸುಪಾಸಿಗೆ ಬಂದವರಿಗೆ ಈ ಬಡಾವಣೆ ಸಿಕ್ಕುತ್ತದೆ. ಒಂದು ಕಾಲಕ್ಕೆ ನದಿಯಾಗಿದ್ದು ಈಗ ಊರಿನ ಕೊಳಚೆಯನ್ನು ಹೊರುವ ವೃಷಭಾವತಿ ಇಲ್ಲಿಗೆ ಹತ್ತಿರ. ಹಗಲಿರುಳೂ ಎಚ್ಚರವಾಗಿರುವ ಸ್ಯಾಟಲೈಟ್ ಬಸ್ ನಿಲ್ದಾಣ ಹತ್ತಿರ. 2015ರಿಂದ ದೀಪಾಂಜಲಿ ನಗರದ ಮೇಲೆ ಮೆಟ್ರೋ ರೈಲು ಓಡಾಡುತ್ತಿದೆ. ಸುತ್ತಲಿನ ಹೆಸರುಗಳನ್ನು ಗಮನಿಸಿ: ಆಜಾದ್ ನಗರ, ಜಗಜೀವನರಾಮ್ ನಗರ, ವಾಲ್ಮೀಕಿ ನಗರ. ಕೂಲಿಕಾರರೂ ಸಣ್ಣ ವ್ಯಾಪಾರಿಗಳೂ ನೆಲಸಿದ ಈ ಬೀದಿಗಳಿಗೆ ಇಂಥ ಹೆಸರುಗಳನ್ನಿಟ್ಟವರು ಏನನ್ನೋ ಹಾರೈಸಿಯೇ ಇಟ್ಟರು. ಸ್ವಾತಂತ್ರ್ಯದ ಫಲ ಬಡವರ ಬಾಗಿಲಿಗೂ ಬಂದೀತೆಂಬ ನಂಬಿಕೆ ಆ ಹೆಸರುಗಳಲ್ಲಿದೆ.

ಪಾತಕದ ಚಿತ್ರಗಳ ಭಾಷೆಯಲ್ಲಿ ಇಂಥ ಊರುಕೇರಿಗಳಿಗೆ ಬೇರೊಂದು ಹೆಸರಿದೆ: ‘ಏರಿಯಾ’. ಬಡಾವಣೆ ಎಂದರೆ ಜನ ಬಾಳುವ ಜಾಗ. ಏರಿಯಾ ಎಂದರೆ ಒಬ್ಬನ ಅಂಕೆಯಲ್ಲಿರುವ ಜಾಗ. ಈ ಒಂದು ಮಾತಿನಿಂದಲೇ ಸಾವಿರಾರು ಮನೆಗಳ ಬದುಕು ಒಬ್ಬ ಪುಂಡನ ಆಸ್ತಿಯಾಗಿ ಬದಲಾಗಿಬಿಡುತ್ತದೆ. ಮೈಸೂರು ರಸ್ತೆಯ ಕಡೆಯಿಂದ ಓದಲು ಬರುವ ಕಾಲೇಜು ವಿದ್ಯಾರ್ಥಿಯೊಬ್ಬನನ್ನು ನಾನು ಬಲ್ಲೆ. ಹೊಸಬರು ಮನೆ ಎಲ್ಲಿ ಎಂದು ಕೇಳಿದರೆ ಅವನು ‘ವಿಜಯನಗರದ ಹತ್ತಿರ’ ಎಂದಷ್ಟೇ ಹೇಳಿ ನಿಲ್ಲಿಸುತ್ತಾನೆ. ಏಕೆಂದು ಕೇಳಿದೆ. ‘ಹೆಸರು ಹೇಳಿದ ಕೂಡಲೆ ಒಂದು ಡೈಲಾಗು ಹೇಳುತ್ತಾರೆ, ಸಾರ್’ ಎಂದ. ನಗುತ್ತಲೇ ಹೇಳಿದನಾದರೂ ನನಗೆ ನಗು ಬರಲಿಲ್ಲ. ಗಾಂಧೀಜಿಯ ಹೆಸರು ಹೊತ್ತ ಬಡಾವಣೆಯ ಹುಡುಗ ತನ್ನ ವಿಳಾಸವನ್ನು ಮರೆಮಾಚಬೇಕಾಗಿ ಬಂದರೆ, ಅದು ಯೋಚಿಸಬೇಕಾದ ವಿಷಯ.

ಚಲಚ್ಚಿತ್ರವು ನಿಜವಾದ ಬೀದಿಗೆ ಇಳಿದದ್ದು ತಪ್ಪೆಂದು ನಾನು ಹೇಳುತ್ತಿಲ್ಲ. ಹಿಂದೆ ನಮ್ಮ ಚಿತ್ರಗಳ ಬಹುಭಾಗ ಮದರಾಸಿನ ಸ್ಟುಡಿಯೋಗಳ ಗೋಡೆಗಳ ನಡುವೆ ಹುಟ್ಟುತ್ತಿತ್ತು. ಬಣ್ಣ ಬಳಿದ ಪರದೆಯೇ ಊರಾಗಿತ್ತು. ಅಮೆರಿಕೆಯಲ್ಲಿ ಜೂಲ್ಸ್ ಡ್ಯಾಸಿನ್ 1948ರಲ್ಲಿ ‘ದಿ ನೇಕೆಡ್ ಸಿಟಿ’ ಎಂಬ ಪತ್ತೇದಾರಿ ಚಿತ್ರವನ್ನು ನ್ಯೂಯಾರ್ಕಿನ ನಿಜವಾದ ಬೀದಿಗಳಲ್ಲಿ ತೆಗೆದಾಗ, ನಗರವೇ ಕಥೆಯ ಒಂದು ಪಾತ್ರವಾಗಬಲ್ಲದೆಂದು ಜನ ಕಂಡರು. ನಮ್ಮಲ್ಲಿ ಪುಟ್ಟಣ್ಣ ಕಣಗಾಲರ ‘ನಾಗರಹಾವು’ 1972ರಲ್ಲಿ ಚಿತ್ರದುರ್ಗದ ಕೋಟೆಗೆ ಹೊಸ ಗೌರವವನ್ನು ತಂದುಕೊಟ್ಟಿತು. ಆ ಕಲ್ಲುಬಂಡೆಗಳ ನಡುವೆ ನಿಂತ ಪ್ರವಾಸಿ ಇಂದಿಗೂ ರಾಮಾಚಾರಿಯನ್ನು ನೆನೆಯುತ್ತಾನೆ. ಊರು ಚಿತ್ರಕ್ಕೆ ಕೊಟ್ಟದ್ದನ್ನು ಚಿತ್ರ ಊರಿಗೆ ಬಡ್ಡಿಸಹಿತ ಹಿಂದಿರುಗಿಸಿದ ನಿದರ್ಶನವದು.

ಪಾತಕದ ಚಿತ್ರದಲ್ಲಿ ಈ ಲೆಕ್ಕ ಬೇರೆಯಾಗುತ್ತದೆ. ‘ಓಂ’ ಚಿತ್ರಕ್ಕೆ ಬಂದ ಖ್ಯಾತಿಯ ಒಂದು ಪಾಲು, ನಗರದ ಪಾತಕಲೋಕಕ್ಕೆ ಸೇರಿದವರೆಂದು ಹೆಸರಾಗಿದ್ದ ಕೆಲವರೇ ಅದರಲ್ಲಿ ಕಾಣಿಸಿಕೊಂಡರೆಂಬುದರಿಂದ ಬಂತು. ಮುಖವೇ ನಿಜವಾದಾಗ ಪ್ರೇಕ್ಷಕನು ಕಥೆಯನ್ನೂ ನಿಜವೆಂದು ನಂಬುತ್ತಾನೆ. ಬೀದಿಯ ವಿಷಯವೂ ಹೀಗೆಯೇ. ದೀಪದ ಕಂಬ, ನಲ್ಲಿಯ ಮುಂದಿನ ಕೊಡಗಳ ಸಾಲು, ಅಂಗಡಿಯ ಹಲಗೆ, ಗುಡಿಯ ಗೋಪುರ ಎಲ್ಲವೂ ಸಾಚಾ ಆಗಿರುವಾಗ, ಅವುಗಳ ನಡುವೆ ನಡೆಯುವ ಕಟ್ಟುಕಥೆಯ ಕೊಲೆಗೂ ಆ ಸಾಚಾತನ ಅಂಟಿಕೊಳ್ಳುತ್ತದೆ. ಸಾಕ್ಷಿ ನುಡಿದದ್ದು ಬೀದಿ. ಆದರೆ ಶಿಕ್ಷೆಯಾಗುವುದೂ ಬೀದಿಗೇ.

ಇದರಲ್ಲಿ ಇನ್ನೊಂದು ಸೂಕ್ಷ್ಮವಿದೆ. ಅಗ್ನಿ ಶ್ರೀಧರರ ‘ದಾದಾಗಿರಿಯ ದಿನಗಳು’ ಎಂಬ ಆತ್ಮಕಥನವನ್ನು ಆಧರಿಸಿ ಕೆ. ಎಂ. ಚೈತನ್ಯರು ನಿರ್ದೇಶಿಸಿದ ‘ಆ ದಿನಗಳು’ 2007ರಲ್ಲಿ ಬಂತು. ಅದರ ಚಿತ್ರಕಥೆಯಲ್ಲಿ ಗಿರೀಶ ಕಾರ್ನಾಡರ ಕೈಯೂ ಇತ್ತು. ಕೊತ್ವಾಲ ರಾಮಚಂದ್ರನ ಕೊಲೆ ನಡೆದದ್ದು 1986ರಲ್ಲಿ. ಆ ಇಪ್ಪತ್ತೊಂದು ವರ್ಷಗಳಲ್ಲಿ ಬೆಂಗಳೂರು ಗುರುತು ಸಿಕ್ಕದಷ್ಟು ಬದಲಾಗಿತ್ತು. ಮೈಸೂರು ರಸ್ತೆಯ ನೆತ್ತಿಯ ಮೇಲೆ ಮೇಲುಸೇತುವೆಯೇ ಎದ್ದಿತ್ತು. ಹೋದ ಕಾಲದ ನಗರವನ್ನು ತೋರಿಸಬಯಸುವ ಯಾವ ನಿರ್ದೇಶಕನೂ ಬದಲಾವಣೆ ಬಾರದ ಮೂಲೆಗಳನ್ನು ಅರಸಬೇಕಾಗುತ್ತದೆ. ಬದಲಾವಣೆ ಬಾರದ ಮೂಲೆಯೆಂದರೆ ಸಾಮಾನ್ಯವಾಗಿ ಹಣ ಬಾರದ ಮೂಲೆ. ಹೀಗೆ ಹಳೆಯ ಕಾಲದ ಪಾತಕದ ಕಥೆಯೆಲ್ಲ ಇಂದಿನ ಬಡವರ ಕೇರಿಯಲ್ಲಿ ಚಿತ್ರಿತವಾಗುತ್ತದೆ. ಇದರಲ್ಲಿ ಯಾರ ದುರುದ್ದೇಶವೂ ಇಲ್ಲದಿರಬಹುದು. ಆದರೆ ಬಡತನವನ್ನು ಕಂಡೊಡನೆ ಪಾತಕವನ್ನು ನೆನೆಯುವ ಅಭ್ಯಾಸ ನೋಡುಗನ ಕಣ್ಣಿಗೆ ತಾನಾಗಿಯೇ ಬಂದುಬಿಡುತ್ತದೆ.

ವಾಸ್ತವದಲ್ಲಿ ಪಾತಕದ ವಿಳಾಸ ಬಡವರ ಕೇರಿಯೊಂದೇ ಆಗಿತ್ತೇ? 1970ರ ದಶಕದ ರಾಜಕಾರಣಕ್ಕೂ ಎಂ. ಪಿ. ಜಯರಾಜನ ಏಳಿಗೆಗೂ ಇದ್ದ ನಂಟನ್ನು 2022ರ ‘ಹೆಡ್ ಬುಷ್’ ಚಿತ್ರ ಕಥೆಯಾಗಿಸಿತು. ಅಧಿಕಾರದ ಪಡಸಾಲೆಗಳ ನೆರವಿಲ್ಲದೆ ಬೀದಿಯ ಪುಂಡ ನಗರದ ದೊರೆಯಾಗುವುದಿಲ್ಲವೆಂಬುದು ಆ ಕಾಲವನ್ನು ಬಲ್ಲವರಿಗೆಲ್ಲ ಗೊತ್ತು. ಹಾಗೆಂದು ವಿಧಾನಸೌಧದ ಮುಂದಿನ ಬೀದಿಯನ್ನು ಯಾರೂ ‘ಏರಿಯಾ’ ಎನ್ನುವುದಿಲ್ಲ. ಅದೇ ಜಯರಾಜನನ್ನು 1989ರಲ್ಲಿ ಹಾಡುಹಗಲೇ ಕೊಂದದ್ದು ಲಾಲ್‌ಬಾಗಿನ ಸಮೀಪದಲ್ಲಿ. ಆದರೂ ಲಾಲ್‌ಬಾಗ್ ಎಂದರೆ ನಮಗೆ ಇಂದಿಗೂ ಗಾಜಿನ ಮನೆ, ಫಲಪುಷ್ಪ ಪ್ರದರ್ಶನ, ಮುಂಜಾನೆಯ ವಾಯುವಿಹಾರ. ಆ ಹೆಸರಿಗೆ ರಕ್ತದ ಕಲೆ ಹತ್ತಲಿಲ್ಲ, ಹತ್ತಬೇಕಾಗಿಯೂ ಇರಲಿಲ್ಲ. ಹೇಳಿಕೊಳ್ಳಲು ಬೇರೆ ನೂರು ಕಥೆಗಳಿರುವ ಜಾಗಕ್ಕೆ ಒಂದು ಕೊಲೆ ಅಂಟುವುದಿಲ್ಲ. ಬೇರೆ ಕಥೆಯನ್ನು ಯಾರೂ ಬರೆಯದ ಜಾಗಕ್ಕೆ ಮಾತ್ರ ಸಿನಿಮಾದ ಕೊಲೆಯೇ ಇತಿಹಾಸವಾಗಿ ನಿಲ್ಲುತ್ತದೆ.

ಈ ಮಾತಿಗೆ ನಮ್ಮ ಗಿರಣಿಗಳಿಗಿಂತ ಒಳ್ಳೆಯ ಉದಾಹರಣೆ ಬೇಕಿಲ್ಲ. ಬಾಪೂಜಿ ನಗರದಿಂದ ಪೇಟೆಯ ಕಡೆಗೆ ಬರುವವರಿಗೆ ಎಡಗಡೆ, ಮಾಗಡಿ ರಸ್ತೆಯವರೆಗೆ ಹಬ್ಬಿದ್ದದ್ದು ಬೆಂಗಳೂರಿನ ಗಿರಣಿಗಳ ಪ್ರದೇಶ. 1884ರಲ್ಲಿ ಆರಂಭವಾಗಿ ಮುಂದೆ ಬಿನ್ನಿ ಕಂಪನಿಯ ಕೈಸೇರಿದ ಉಣ್ಣೆ, ಹತ್ತಿ, ರೇಷ್ಮೆಯ ಗಿರಣಿ ಅಲ್ಲಿತ್ತು. ಬಿನ್ನಿಪೇಟೆ ಎಂಬ ಹೆಸರು ಅದರಿಂದಲೇ ಬಂತು. ಅದಕ್ಕೆ ನೆರೆಯಲ್ಲಿ ಮಿನರ್ವ ಗಿರಣಿ. ಗಿರಣಿಯ ಕೂಗು ಕೇಳಿ ಏಳುವ, ಅದರ ಕೂಗಿಗೆ ಉಣ್ಣುವ ಸಹಸ್ರಾರು ಕುಟುಂಬಗಳು ಈ ಭಾಗದಲ್ಲಿ ನೆಲೆ ನಿಂತವು. ಮಿನರ್ವ ಗಿರಣಿಯ ಆಡಳಿತವನ್ನು ಕೇಂದ್ರ ಸರ್ಕಾರ 1971ರಲ್ಲಿ ವಹಿಸಿಕೊಂಡಿತು. 1974ರ ಕಾಯಿದೆಯಿಂದ ಅದು ರಾಷ್ಟ್ರೀಕೃತವಾಯಿತು. ಮಾಲೀಕರು ಹೂಡಿದ ದಾವೆಯಲ್ಲಿ ಸುಪ್ರೀಂ ಕೋರ್ಟು 1980ರಲ್ಲಿ ಕೊಟ್ಟ ತೀರ್ಪು ದೇಶದ ಸಂವಿಧಾನದ ಚರಿತ್ರೆಯಲ್ಲೇ ಒಂದು ಮೈಲಿಗಲ್ಲು. ಸಂವಿಧಾನವನ್ನು ತಿದ್ದುವ ಅಧಿಕಾರ ಸಂಸತ್ತಿಗೆ ಇದ್ದರೂ ಅದಕ್ಕೊಂದು ಮಿತಿಯಿದೆ, ಮೂಲ ಸ್ವರೂಪವನ್ನು ಕೆಡಿಸುವಂತಿಲ್ಲವೆಂಬ ತತ್ತ್ವವನ್ನು ಅದು ಭದ್ರಪಡಿಸಿತು. ಇಂದು ಕಾನೂನು ಓದುವ ವಿದ್ಯಾರ್ಥಿಗಳಲ್ಲಿ ಮಿನರ್ವ ಗಿರಣಿಯ ಹೆಸರನ್ನು ಅರಿಯದವರಿಲ್ಲ.

ಆದರೆ ಚಿತ್ರ ನೋಡುವವರಿಗೆ ಈ ಗಿರಣಿಯ ಪರಿಚಯ ಬೇರೆ ಬಗೆಯದು. ಯಂತ್ರಗಳು ನಿಂತ ಮೇಲೆ ಅದರ ಅಂಗಳ ಕನ್ನಡ ಚಿತ್ರಗಳ ಹೊಡೆದಾಟದ ದೃಶ್ಯಗಳಿಗೆ ಒದಗಿತು. ಎತ್ತರದ ಮಾಡು, ಒಡೆದ ಗಾಜಿನಿಂದ ಇಳಿಯುವ ಬಿಸಿಲಕೋಲು, ತುಕ್ಕು ಹಿಡಿದ ಕಬ್ಬಿಣ: ಖಳನಾಯಕನ ಬಿಡಾರಕ್ಕೆ ಇನ್ನೇನು ಬೇಕು? ಛಾಯಾಗ್ರಾಹಕರು ಅದನ್ನು ಮೆಚ್ಚಿದ್ದರಲ್ಲಿ ಆಶ್ಚರ್ಯವಿಲ್ಲ. ನನ್ನನ್ನು ಕಾಡುವುದು ಇಷ್ಟೇ. ಆ ಮಾಡಿನ ಕೆಳಗೆ ನೂಲು ತೆಗೆದವರು ಯಾರು, ಅವರು ಕೆಲಸ ಕಳೆದುಕೊಂಡದ್ದು ಹೇಗೆ, ಅವರ ಮಕ್ಕಳು ಎಲ್ಲಿಗೆ ಹೋದರು ಎಂಬುದನ್ನು ಆ ಚಿತ್ರಗಳು ಕೇಳುವುದಿಲ್ಲ. ಗಿರಣಿ ಮುಚ್ಚಿದ್ದರಿಂದಲೇ ರೌಡಿತನ ಹುಟ್ಟಿತೆನ್ನುವುದು ಅವಸರದ ತೀರ್ಮಾನವಾದೀತು. ಆದರೆ ದುಡಿಮೆ ನಿಂತ ಜಾಗದಲ್ಲಿ ದಾದಾಗಿರಿ ನಡೆಯುವುದನ್ನು ಮತ್ತೆ ಮತ್ತೆ ತೋರಿಸುವ ಚಿತ್ರಕ್ಕೆ, ದುಡಿಮೆ ಏಕೆ ನಿಂತಿತೆಂದು ಒಮ್ಮೆಯಾದರೂ ಕೇಳುವ ಹೊಣೆಯಿಲ್ಲವೇ? ಮಲ್ಲೇಶ್ವರದ ರಾಜಾ ಮಿಲ್ಲಿನ ನೆಲದಲ್ಲಿ 2010ರಲ್ಲಿ ಮಾರಾಟದ ಮಹಲು ತೆರೆಯಿತು. ಬಿನ್ನಿಯ ನೆಲದಲ್ಲಿ ಗಗನಚುಂಬಿ ವಸತಿಗಳು ಎದ್ದವು. ಗಿರಣಿಗಳ ಕೊನೆಯ ಚಹರೆ ಉಳಿದಿರುವುದು, ವಿಪರ್ಯಾಸವೆಂಬಂತೆ, ಈ ಹೊಡೆದಾಟದ ದೃಶ್ಯಗಳ ಹಿನ್ನೆಲೆಯಲ್ಲಿಯೇ.

ಈ ಸಂಕಟ ನಮ್ಮೊಬ್ಬರದೇ ಅಲ್ಲ. ಬ್ರೆಜಿಲಿನ ‘ಸಿಟಿ ಆಫ್ ಗಾಡ್’ 2002ರಲ್ಲಿ ರಿಯೋ ನಗರದ ಒಂದು ಬಡ ಬಡಾವಣೆಯ ಹೆಸರನ್ನು ಜಗತ್ತಿಗೆಲ್ಲ ಪರಿಚಯಿಸಿತು. ಅದರ ಬಹುಭಾಗ ಚಿತ್ರಿತವಾದದ್ದು ನೆರೆಯ ಬೇರೆ ಕೇರಿಗಳಲ್ಲಿ. ಬೀದಿ ಒಬ್ಬರದು, ಅಪಖ್ಯಾತಿ ಇನ್ನೊಬ್ಬರದು! ಇಟಲಿಯ ‘ಗೊಮೊರ್ರಾ’ 2008ರಲ್ಲಿ ನೇಪಲ್ಸ್ ನಗರದ ಸ್ಕಂಪಿಯಾ ಬಡಾವಣೆಯ ದೈತ್ಯಾಕಾರದ ವಸತಿಗಳನ್ನು ತೋರಿಸಿತು. ಹಾಯಿಯ ಆಕಾರದ ಆ ಕಟ್ಟಡಗಳನ್ನು ಬಡವರಿಗೆ ಒಳ್ಳೆಯ ಮನೆ ಸಿಕ್ಕಲೆಂಬ ಆದರ್ಶದಿಂದಲೇ ಕಟ್ಟಿದ್ದರು. ಒಂದೊಂದಾಗಿ ಅವನ್ನು ಕೆಡವುತ್ತ ಬಂದರು. 2020ರಲ್ಲಿಯೂ ಒಂದು ನೆಲಸಮವಾಯಿತು. ಕಟ್ಟಡ ಬಿದ್ದರೂ ಹೆಸರು ಮಾತ್ರ ಬೀಳಲಿಲ್ಲ.

ಹಾಗಾದರೆ ಚಿತ್ರಕಾರರು ನಿಜವಾದ ಬೀದಿಗಳನ್ನು ಬಿಟ್ಟು ಮತ್ತೆ ಬಣ್ಣದ ಪರದೆಗೆ ಮರಳಬೇಕೆ? ಊರಿನ ಹೆಸರನ್ನು ಬಳಸದಂತೆ ತಡೆ ತರಬೇಕೆ? ಖಂಡಿತ ಕೂಡದು. ತಡೆಯಿಂದ ಕಲೆ ಕುಗ್ಗೀತೇ ಹೊರತು ಬಡಾವಣೆಯ ಗೌರವ ಹೆಚ್ಚದು. ನನ್ನ ಅಪೇಕ್ಷೆ ಅದಕ್ಕೆ ವಿರುದ್ಧವಾದದ್ದು: ಚಿತ್ರದಲ್ಲಿ ಸ್ಥಳ ಕಡಿಮೆಯಾಗಬಾರದು, ಹೆಚ್ಚಾಗಬೇಕು. ರಾಜ್ ಬಿ. ಶೆಟ್ಟರ ‘ಗರುಡ ಗಮನ ವೃಷಭ ವಾಹನ’ 2021ರಲ್ಲಿ ಮಂಗಳೂರಿನ ಮಂಗಳಾದೇವಿಯ ಪರಿಸರವನ್ನು ಪಾತಕದ ಕಥೆಗೆ ತೊಡಗಿಸಿಕೊಂಡಿತು. ಆದರೆ ಅಲ್ಲಿ ಹುಲಿವೇಷವಿದೆ, ಮೈದಾನದ ಕ್ರಿಕೆಟ್ಟಿದೆ, ಮಳೆಯಿದೆ, ಆ ಊರಿನದೇ ಆದ ಮಾತಿನ ಧಾಟಿಯಿದೆ. ಕೊಲೆ ನಡೆಯುವ ಊರಿನಲ್ಲಿ ಬೇರೆ ಬಾಳೂ ನಡೆಯುತ್ತದೆಂಬುದು ಪ್ರೇಕ್ಷಕನಿಗೆ ತಿಳಿಯುತ್ತದೆ. ಸೂರಿಯವರ ‘ದುನಿಯಾ’ 2007ರಲ್ಲಿ ಕಲ್ಲು ಒಡೆಯುವ ಯುವಕನೊಬ್ಬ ನಗರದ ಪಾತಕದ ಕೈಗೆ ಸಿಕ್ಕುವ ಬಗೆಯನ್ನು ತೋರಿಸಿತು. ಅಲ್ಲಿ ಅವನ ಕೈಯ ಮಚ್ಚಿಗಿಂತ ಮೊದಲು ಅವನ ಕೈಯ ಸುತ್ತಿಗೆ ನಮಗೆ ಕಾಣುತ್ತದೆ. ಈ ಎರಡು ಚಿತ್ರಗಳಲ್ಲಿ ಹಿಂಸೆ ಕಡಿಮೆಯೇನಿಲ್ಲ. ವ್ಯತ್ಯಾಸವಿರುವುದು, ಸ್ಥಳವನ್ನು ಗೋಡೆಯೆಂದು ಕಾಣುವುದಕ್ಕೂ ನೆಲೆಯೆಂದು ಕಾಣುವುದಕ್ಕೂ ನಡುವೆ.

ಚಿತ್ರಕಾರರ ಮೇಲೆಯೇ ಎಲ್ಲ ಭಾರವನ್ನೂ ಹೊರಿಸುವುದು ನ್ಯಾಯವಲ್ಲ. ಬಾಪೂಜಿ ನಗರಕ್ಕೆ, ಶ್ರೀರಾಮಪುರಕ್ಕೆ, ಬಿನ್ನಿಪೇಟೆಗೆ ಸಿನಿಮಾ ಕೊಟ್ಟ ಕಥೆಯೊಂದೇ ಉಳಿದಿದ್ದರೆ, ಬೇರೆಯದನ್ನು ನಾವು ಬರೆಯಲಿಲ್ಲವೆಂಬುದೂ ಅದಕ್ಕೆ ಕಾರಣ. ನಮ್ಮ ಸಾಹಿತ್ಯ ಬಸವನಗುಡಿಯನ್ನೂ ಮಲ್ಲೇಶ್ವರವನ್ನೂ ಬಲ್ಲಷ್ಟು ಮೈಸೂರು ರಸ್ತೆಯನ್ನು ಬಲ್ಲದೆ? ಈ ಭಾಗದ ಶಾಲೆ ಕಾಲೇಜುಗಳ ಉಪಾಧ್ಯಾಯರು ಒಂದು ಕೆಲಸ ಮಾಡಬಹುದು. ಗಿರಣಿಯಲ್ಲಿ ದುಡಿದ ಹಿರಿಯರು ಇನ್ನೂ ಕೆಲವರಾದರೂ ನಮ್ಮ ನಡುವೆ ಇದ್ದಾರೆ. ಬಡಾವಣೆಗೆ ಹೆಸರಿಟ್ಟ ಕಾಲವನ್ನು, ಮೊದಲ ನಲ್ಲಿ ಬಂದ ದಿನವನ್ನು, ವೃಷಭಾವತಿಯ ನೀರು ತಿಳಿಯಾಗಿದ್ದುದನ್ನು ಮನೆಯ ಹಿರಿಯರಿಂದ ಕೇಳಿಯಾದರೂ ಬಲ್ಲವರಿದ್ದಾರೆ. ವಿದ್ಯಾರ್ಥಿಗಳು ಅವರ ಬಳಿ ಕುಳಿತು ಕೇಳಿ ಬರೆದುಕೊಳ್ಳಲಿ. ಪರೀಕ್ಷೆಗೆ ಅಂಕ ಸಿಕ್ಕದಿದ್ದರೂ ಚಿಂತೆಯಿಲ್ಲ. ತನ್ನ ಬೀದಿಯ ಚರಿತ್ರೆಯನ್ನು ತಾನೇ ಬರೆದ ಹುಡುಗ, ಮನೆ ಎಲ್ಲಿ ಎಂದು ಯಾರಾದರೂ ಕೇಳಿದಾಗ, ಅಕ್ಕಪಕ್ಕದ ಬಡಾವಣೆಯ ಹೆಸರನ್ನು ಸಾಲ ತರಬೇಕಾಗುವುದಿಲ್ಲ.